ರೇಡಿಯೊದಲ್ಲಿ ಕೇಳಿದ ಹೆಸರು

ಭದ್ರಾವತಿಯ ನ್ಯೂಟೌನಿನ ಕಾರ್ಖಾನೆ ಕ್ವಾರ್ಟರ್ಸಿನಲ್ಲಿ ನಾವು ಬೆಳೆದ ಕಾಲಕ್ಕೆ ಹೊತ್ತು ತಿಳಿಸುವ ಸದ್ದುಗಳು ಎರಡಿದ್ದವು. ಒಂದು, ಪಾಳಿ ಬದಲಾದಾಗ ಕೂಗುತ್ತಿದ್ದ ಉಕ್ಕಿನ ಕಾರ್ಖಾನೆಯ ಸೈರನ್. ಇನ್ನೊಂದು, ಆಕಾಶವಾಣಿ ಭದ್ರಾವತಿ. 1965ರಲ್ಲಿ ಆರಂಭವಾದ ಈ ನಿಲಯ ಮಲೆನಾಡಿನ ಎಷ್ಟೋ ಮನೆಗಳಿಗೆ ಭದ್ರಾವತಿಯ ಹೆಸರನ್ನು ಕಾರ್ಖಾನೆಗಿಂತ ಹೆಚ್ಚಾಗಿ ಪರಿಚಯಿಸಿತು. ಶಿವಮೊಗ್ಗೆಯಂಥ ಜಿಲ್ಲಾ ಕೇಂದ್ರಕ್ಕೂ ರೇಡಿಯೊ ನಮ್ಮೂರಿನಿಂದಲೇ ಬರಬೇಕು ಎಂಬುದು ನಮಗೆಲ್ಲ ಒಳಗೊಳಗೇ ಹೆಮ್ಮೆಯ ಸಂಗತಿಯಾಗಿತ್ತು.

ಆ ರೇಡಿಯೊದಲ್ಲಿ ದಿನಕ್ಕೆ ಹತ್ತಾರು ಬಾರಿ ಒಂದು ಹೆಸರು ಕೇಳಿಬರುತ್ತಿತ್ತು. ಚಿತ್ರ 'ಕಸ್ತೂರಿ ನಿವಾಸ', ಸಾಹಿತ್ಯ ಚಿ. ಉದಯಶಂಕರ್, ಸಂಗೀತ ಜಿ.ಕೆ. ವೆಂಕಟೇಶ್, ಗಾಯನ ಪಿ.ಬಿ. ಶ್ರೀನಿವಾಸ್. ಉದ್ಘೋಷಕರ ಈ ಕ್ರಮ ಎಂದೂ ತಪ್ಪುತ್ತಿರಲಿಲ್ಲ. ಚಿತ್ರ ಬದಲಾಗುತ್ತಿತ್ತು, ಗಾಯಕರು ಬದಲಾಗುತ್ತಿದ್ದರು, ಸಾಹಿತ್ಯದ ಜಾಗದಲ್ಲಿ ಮಾತ್ರ ಹೆಚ್ಚುಕಡಿಮೆ ಅದೇ ಹೆಸರು. ಮದುವೆಯ ಕರೆಯೋಲೆಗಳಲ್ಲಿ ವರನ ಹೆಸರಿನ ಹಿಂದೆ 'ಚಿ.' ಎಂದು ಅಚ್ಚಾಗುವುದನ್ನು ಕಂಡಿದ್ದ ನಾನು, ಈ ಉದಯಶಂಕರರೂ ಮದುವೆಗೆ ಸಿದ್ಧರಾಗಿರುವ ಯಾರೋ ತರುಣರಿರಬೇಕು ಎಂದು ಬಹಳ ಕಾಲ ನಂಬಿದ್ದೆ. ಅದು ಚಿಟ್ಟನಹಳ್ಳಿ ಎಂಬ ಊರಿನ ಮೊದಲಕ್ಷರವೆಂದು ತಿಳಿದದ್ದು ಹೈಸ್ಕೂಲಿಗೆ ಬಂದ ಮೇಲೆ.

ಹಾಡಿನ ಸಾಹಿತಿಯೆಂದು ಅವರನ್ನು ಈಗಲೂ ನೆನೆಯುವವರಿದ್ದಾರೆ. ನಾನು ಬರೆಯಹೊರಟಿರುವುದು ಅವರ ಇನ್ನೊಂದು ಕೆಲಸದ ಬಗ್ಗೆ. ಅವರು ಸಂಭಾಷಣೆ ಬರೆಯುತ್ತಿದ್ದರು, ಅನೇಕ ಬಾರಿ ಚಿತ್ರಕಥೆಯ ಕೆಲಸದಲ್ಲೂ ಕೈಜೋಡಿಸುತ್ತಿದ್ದರು. ರೇಡಿಯೊ ಆ ಕೆಲಸವನ್ನೂ ನಮಗೆ ತಲುಪಿಸಿತು. ಇಡೀ ಸಿನಿಮಾದ ಧ್ವನಿಯನ್ನು ಒಂದು ಗಂಟೆಗೆ ಇಳಿಸಿ ಪ್ರಸಾರ ಮಾಡುವ ಕಾರ್ಯಕ್ರಮವಿದ್ದ ದಿನ ನಮ್ಮ ಸಾಲಿನ ಮನೆಗಳಲ್ಲಿ ಅಡುಗೆ ಬೇಗ ಮುಗಿಯುತ್ತಿತ್ತು. ರೇಡಿಯೊ ಇಲ್ಲದವರು ಇದ್ದವರ ಮನೆಯ ಹೊಸ್ತಿಲ ಮೇಲೆ ಕೂರುತ್ತಿದ್ದರು. ಚಿತ್ರವಿಲ್ಲದ ಚಲನಚಿತ್ರ ಅದು. ನಾಯಕನ ಮುಖವಿಲ್ಲ, ನಾಯಕಿಯ ಸೀರೆಯಿಲ್ಲ, ಕಾಡು, ಕುದುರೆ, ಕಾರುಗಳಿಲ್ಲ. ಉಳಿಯುತ್ತಿದ್ದದ್ದು ಮಾತು ಮಾತ್ರ. ಸಿನಿಮಾ ಬರಹಗಾರನಿಗೆ ಇದಕ್ಕಿಂತ ಕಠಿಣವಾದ ಪರೀಕ್ಷೆ ಬೇರೆ ಇರಲಾರದು.

ಭದ್ರಾವತಿಯ ಜನರ ಬಗ್ಗೆ ಇಲ್ಲಿ ಎರಡು ಮಾತು ಹೇಳಬೇಕು. 1923ರಲ್ಲಿ ಕಬ್ಬಿಣದ ಕಾರ್ಖಾನೆ ಉತ್ಪಾದನೆ ಆರಂಭಿಸಿದ ಮೇಲೆ, 1936ರಲ್ಲಿ ಮೈಸೂರು ಕಾಗದ ಕಾರ್ಖಾನೆ ಸ್ಥಾಪನೆಯಾದ ಮೇಲೆ, ಈ ಊರಿಗೆ ನಾನಾ ಕಡೆಯಿಂದ ಜನ ಬಂದರು. ತಮಿಳು, ತೆಲುಗು, ಮಲಯಾಳ, ಉರ್ದು ಮಾತಾಡುವ ಮನೆಗಳು ಒಂದೇ ಬೀದಿಯಲ್ಲಿದ್ದವು. ಕನ್ನಡಿಗರ ಕನ್ನಡವೂ ಒಂದೇ ಆಗಿರಲಿಲ್ಲ. ತೀರ್ಥಹಳ್ಳಿ ಕಡೆಯವರದು ಒಂದು ಬಗೆ, ಚನ್ನಗಿರಿ ಕಡೆಯವರದು ಇನ್ನೊಂದು, ಹಾಸನದಿಂದ ಬಂದವರದು ಮತ್ತೊಂದು. ಶಾಲೆಯ ಪುಸ್ತಕದ ಕನ್ನಡವನ್ನು ಯಾರೂ ಮನೆಯಲ್ಲಿ ಆಡುತ್ತಿರಲಿಲ್ಲ. ಹಾಗಿದ್ದ ಮೇಲೆ, ಕುಲುಮೆಯ ಮುಂದೆ ಒಟ್ಟಿಗೆ ನಿಂತು ಕೆಲಸ ಮಾಡುವವರು, ಹಬ್ಬಕ್ಕೆ ಒಬ್ಬರ ಮನೆಗೊಬ್ಬರು ಹೋಗುವವರು ಯಾವ ಕನ್ನಡದಲ್ಲಿ ಮಾತಾಡಬೇಕು? ನಮ್ಮ ಬೀದಿಯ ಮಟ್ಟಿಗೆ ಈ ಪ್ರಶ್ನೆಯನ್ನು ಬಗೆಹರಿಸಿದ್ದು ಪಂಡಿತರಲ್ಲ, ರಾಜ್‌ಕುಮಾರ್ ಚಿತ್ರಗಳ ಸಂಭಾಷಣೆ. ನಮ್ಮ ಪಕ್ಕದ ಮನೆಯ ತಮಿಳು ಕುಟುಂಬದ ಹಿರಿಯರು, ಕಾರ್ಖಾನೆಯಲ್ಲಿ ಫೌಂಡ್ರಿ ಕೆಲಸದಲ್ಲಿದ್ದವರು, ಸಿಟ್ಟು ಬಂದಾಗ ತಮಿಳಿನಲ್ಲಿ ಬೈಯುತ್ತಿದ್ದರು, ನ್ಯಾಯ ಹೇಳುವಾಗ ಮಾತ್ರ ಕನ್ನಡಕ್ಕೆ ಬರುತ್ತಿದ್ದರು. ಆ ಕನ್ನಡದ ಏರಿಳಿತ, ನಡುವಿನ ನಿಲುಗಡೆ, 'ತಾವು' ಮತ್ತು 'ನೀವು'ಗಳ ನಡುವಿನ ಅಂತರ ಎಲ್ಲವೂ ನಮಗೆ ಚಿರಪರಿಚಿತ. ಅದನ್ನು ನಾವು ರೇಡಿಯೊದಲ್ಲಿ ಕೇಳಿದ್ದೆವು.

ಉದಯಶಂಕರ್ ಹುಟ್ಟಿದ್ದು 1934ರಲ್ಲಿ. ತಂದೆ ಚಿ. ಸದಾಶಿವಯ್ಯನವರೂ ಸಿನಿಮಾಕ್ಕೆ ಬರೆದವರು. ಕನ್ನಡ ಚಿತ್ರರಂಗ ಮದರಾಸಿನ ಸ್ಟುಡಿಯೊಗಳಲ್ಲಿ ಬಾಡಿಗೆ ಬಿಡಾರ ಹೂಡಿದ್ದ ಆ ಕಾಲದಲ್ಲಿ ಬರವಣಿಗೆ ತಂದೆಯಿಂದ ಮಗನಿಗೆ ಬರುವ ಕಸುಬಾಗಿದ್ದರೆ ಆಶ್ಚರ್ಯವಿಲ್ಲ. 1963ರ 'ಸಂತ ತುಕಾರಾಂ' ಚಿತ್ರದಿಂದ ಮೊದಲ್ಗೊಂಡು 1993ರಲ್ಲಿ ತೀರಿಕೊಳ್ಳುವವರೆಗೆ ಮೂವತ್ತು ವರ್ಷ ಅವರು ಬಿಡುವಿಲ್ಲದೆ ಬರೆದರು. ಭಕ್ತಿಚಿತ್ರ, ಪೌರಾಣಿಕ, ಐತಿಹಾಸಿಕ, ಪತ್ತೇದಾರಿ, ಕಾಡಿನ ಸಾಹಸ, ಕೌಟುಂಬಿಕ, ಹಾಸ್ಯ, ಹೀಗೆ ಜನಪ್ರಿಯ ಸಿನಿಮಾದ ಯಾವ ಬಗೆಯನ್ನೂ ಅವರು ಬಿಡಲಿಲ್ಲ. 'ಗಂಧದ ಗುಡಿ'ಯ ಅರಣ್ಯಾಧಿಕಾರಿ, 'ಆಪರೇಷನ್ ಡೈಮಂಡ್ ರಾಕೆಟ್'ನ ಗೂಢಚಾರ, 'ಶಂಕರ್ ಗುರು'ವಿನ ಮೂರು ಪಾತ್ರಗಳು, 'ಕವಿರತ್ನ ಕಾಳಿದಾಸ'ದ ಕುರುಬ, 'ಭಕ್ತ ಪ್ರಹ್ಲಾದ'ದ ಹಿರಣ್ಯಕಶಿಪು, ಇವರೆಲ್ಲ ಒಂದೇ ನಟನ ಬಾಯಿಂದ ಒಂದೇ ಲೇಖನಿಯ ಮಾತನ್ನಾಡಿದವರು. ಆದರೂ ಒಬ್ಬರ ಮಾತು ಇನ್ನೊಬ್ಬರದರಂತಿಲ್ಲ. ಚಿಕ್ಕಪುಟ್ಟ ಪಾತ್ರಗಳಲ್ಲಿ ಅವರೇ ತೆರೆಯ ಮೇಲೂ ಬಂದುಹೋಗುತ್ತಿದ್ದರು. ಜನ ಗುರುತಿಸದಿದ್ದರೆ ಅದು ಜನರ ತಪ್ಪಲ್ಲ. ಬರಹಗಾರನ ಮುಖ ಯಾರಿಗೆ ಗೊತ್ತಿರುತ್ತದೆ?

ಅವರ ವೃತ್ತಿಜೀವನದ ನಿಜವಾದ ತಿರುವು ಎಂದು ನಾನು ಎಣಿಸುವುದು 1974ರ 'ಸಂಪತ್ತಿಗೆ ಸವಾಲ್' ಚಿತ್ರವನ್ನು. ಪಿ.ಬಿ. ಧುತ್ತರಗಿಯವರ ನಾಟಕ ಅದಕ್ಕೆ ಮೂಲ. ಉತ್ತರ ಕರ್ನಾಟಕದ ವೃತ್ತಿ ರಂಗಭೂಮಿಯಲ್ಲಿ ಮೆರೆದ ಈ ನಾಟಕದ ಮಾತು ಆ ಸೀಮೆಯ ಮಣ್ಣಿನದು. ಅದನ್ನು ಮೈಸೂರು ಸೀಮೆಯ ಹಳ್ಳಿಗೆ ತಂದು ನಿಲ್ಲಿಸುವುದೆಂದರೆ ಪದಗಳನ್ನು ಬದಲಾಯಿಸಿ ಕೈತೊಳೆದುಕೊಳ್ಳುವ ಕೆಲಸವಲ್ಲ. ಕಂಪನಿ ನಾಟಕದ ಮಾತು ಕೊನೆಯ ಸಾಲಿನ ಪ್ರೇಕ್ಷಕನಿಗೂ ಮುಟ್ಟಬೇಕಾದ್ದರಿಂದ ಉದ್ದವಾಗಿರುತ್ತದೆ, ಪ್ರಾಸ ಬೇಡುತ್ತದೆ, ಚಪ್ಪಾಳೆಗಾಗಿ ನಿಂತು ಕಾಯುತ್ತದೆ. ಕ್ಯಾಮೆರಾ ಹತ್ತಿರ ಬಂದಾಗ ಅದೇ ಮಾತು ಕಿರುಚಾಟವಾಗುತ್ತದೆ. ಉದಯಶಂಕರ್ ನಾಟಕದ ಕಸುವನ್ನು ಉಳಿಸಿಕೊಂಡು ಮಾತಿನ ಉದ್ದವನ್ನು ಕತ್ತರಿಸಿದರು. ಸವಾಲು ಹಾಕುವ ದೃಶ್ಯಗಳಲ್ಲಿ ಮಾತು ಗರಡಿಯ ಪಟ್ಟಿನಂತೆ ಬಂದು ಥಟ್ಟನೆ ಮುಗಿಯುತ್ತದೆ. ನಾಯಕನ ಹೆಸರು ಭದ್ರ ಎಂಬುದರಿಂದ ಆ ಚಿತ್ರ ನಮ್ಮೂರಿನದೇ ಎಂದು ಭದ್ರಾವತಿಯ ಹುಡುಗರು ವಾದಿಸುತ್ತಿದ್ದುದನ್ನೂ ಇಲ್ಲಿ ದಾಖಲಿಸಬೇಕು.

ಆ ಚಿತ್ರದಲ್ಲಿ ಇನ್ನೊಂದು ಘಟನೆ ನಡೆಯಿತು. ಅದುವರೆಗೆ ರಾಜ್‌ಕುಮಾರ್ ಮಾತಾಡುತ್ತಿದ್ದರು, ಅವರ ಹಾಡನ್ನು ಬಹುಮಟ್ಟಿಗೆ ಪಿ.ಬಿ. ಶ್ರೀನಿವಾಸ್ ಹಾಡುತ್ತಿದ್ದರು. 'ಸಂಪತ್ತಿಗೆ ಸವಾಲ್'ನಲ್ಲಿ ಎಮ್ಮೆಯ ಮೇಲೆ ಕೂತು ಹಾಡುವ ಹಾಡನ್ನು ರಾಜ್‌ಕುಮಾರ್ ತಾವೇ ಹಾಡಿದರು. ಆಮೇಲೆ ತಮ್ಮ ಹಾಡುಗಳಿಗೆ ತಾವೇ ಗಾಯಕರಾದರು. ಬರಹಗಾರನ ದೃಷ್ಟಿಯಿಂದ ನೋಡಿದರೆ ಇದೊಂದು ಅಪರೂಪದ ಸಂದರ್ಭ. ಮಾತು ಬರೆದವನೂ ಹಾಡು ಬರೆದವನೂ ಒಬ್ಬನೇ, ಮಾತಾಡಿದವನೂ ಹಾಡಿದವನೂ ಒಬ್ಬನೇ. ರೇಡಿಯೊದಲ್ಲಿ ಕೇಳಿದಾಗ ಮಾತು ಎಲ್ಲಿ ಮುಗಿದು ಹಾಡು ಎಲ್ಲಿ ಆರಂಭವಾಯಿತೆಂದು ಬೆಸುಗೆಯೇ ತಿಳಿಯುತ್ತಿರಲಿಲ್ಲ. ಬೆಸುಗೆಯ ಬಗ್ಗೆ ನಮ್ಮೂರಿನವರಿಗೆ ಹೇಳಿಕೊಡಬೇಕಾಗಿಲ್ಲ. ಕಾಣದ ಬೆಸುಗೆಯೇ ಒಳ್ಳೆಯ ಬೆಸುಗೆ ಎಂದು ಅವರಿಗೆ ಗೊತ್ತು.

ಜೋರು ಮಾತಿನಲ್ಲಿ ಗೆಲ್ಲುವುದು ಒಂದು ಬಗೆ. ಮಾತನ್ನು ತಡೆಹಿಡಿದು ಗೆಲ್ಲುವುದು ಇನ್ನೊಂದು. ಇದಕ್ಕೆ 1971ರ 'ಕಸ್ತೂರಿ ನಿವಾಸ'ಕ್ಕಿಂತ ಉತ್ತಮ ಉದಾಹರಣೆ ನನಗೆ ಕಾಣದು. ಜಿ. ಬಾಲಸುಬ್ರಹ್ಮಣ್ಯಂ ಅವರ ಕಥೆ, ದೊರೈ-ಭಗವಾನ್ ನಿರ್ದೇಶನ. ಬೆಂಕಿಪೊಟ್ಟಣದ ಕಾರ್ಖಾನೆಯ ಒಡೆಯ ರವಿವರ್ಮ ಕೊಡುವುದನ್ನಷ್ಟೇ ಬಲ್ಲ, ಕೇಳುವುದನ್ನರಿಯ. ಎಲ್ಲವನ್ನೂ ಕಳೆದುಕೊಂಡು ಕೂತವನ ಬಳಿಗೆ ಒಂದು ದಿನ ಅವನು ಹಿಂದೆ ಮನಸ್ಸಿನಲ್ಲಿಟ್ಟುಕೊಂಡಿದ್ದ ಹೆಣ್ಣು ಬರುತ್ತಾಳೆ. ಊಟ ಮುಗಿದ ಮೇಲೆ, ತನ್ನ ಮಗುವಿಗಾಗಿ ಅವನ ಪಾರಿವಾಳವನ್ನು ಕೇಳುತ್ತಾಳೆ. ಅತಿಥಿಗೆ ಊಟ ಹಾಕಲೆಂದೇ ಆ ಪಾರಿವಾಳವನ್ನು ಅವನು ಆಗಲೇ ಕಳೆದುಕೊಂಡಿದ್ದಾನೆ. ಬೊಕಾಚಿಯೊನ 'ಡೆಕಮೆರಾನ್' ಓದಿದವರಿಗೆ ಅದರಲ್ಲಿನ ಗಿಡುಗದ ಕಥೆ ಇಲ್ಲಿ ನೆನಪಾಗದೆ ಇರದು. ಹದಿನಾಲ್ಕನೆಯ ಶತಮಾನದ ಇಟಲಿಯ ಕಥೆಯೊಂದರ ನೆರಳು ಕನ್ನಡದ ಮನೆಯೊಂದರ ಊಟದ ಕೋಣೆಯವರೆಗೆ ಬಂದ ದಾರಿಯನ್ನು ಯಾರಾದರೂ ಅಧ್ಯಯನ ಮಾಡಬೇಕು.

ಆದರೆ ನನ್ನ ಕುತೂಹಲ ಕಥೆಯ ಮೂಲದಲ್ಲಿಲ್ಲ. ಇಂಥ ದೃಶ್ಯ ಕೈಗೆ ಬಂದಾಗ ಸಂಭಾಷಣೆಕಾರ ಏನು ಮಾಡುತ್ತಾನೆ? ಅಂದಿನ ಸಿನಿಮಾದ ವಾಡಿಕೆಯಂತೆ ದಾನದ ಮಹಿಮೆಯ ಬಗ್ಗೆ, ವಿಧಿಯ ಕ್ರೌರ್ಯದ ಬಗ್ಗೆ ಎರಡು ಪುಟ ಬರೆಯಲು ಅವಕಾಶವಿತ್ತು. ಉದಯಶಂಕರ್ ಹಾಗೆ ಮಾಡಲಿಲ್ಲ. ಮಾತು ತಡವರಿಸುತ್ತದೆ, ಕುಗ್ಗುತ್ತದೆ, ನಿಲ್ಲುತ್ತದೆ. ರೇಡಿಯೊದಲ್ಲಿ ಆ ಭಾಗ ಬಂದಾಗ ಪೆಟ್ಟಿಗೆ ಕೆಟ್ಟಿತೇನೋ ಎಂದು ನಮ್ಮ ತಂದೆ ಒಮ್ಮೆ ಎದ್ದು ಹೋಗಿ ತಟ್ಟಿದ್ದು ನೆನಪಿದೆ. ಕೆಟ್ಟಿರಲಿಲ್ಲ. ಸಂಭಾಷಣೆಕಾರ ಮೌನವನ್ನು ಬರೆದಿದ್ದ, ನಟ ಅದನ್ನು ಪಾಲಿಸಿದ್ದ. 2014ರಲ್ಲಿ ಈ ಚಿತ್ರಕ್ಕೆ ಬಣ್ಣ ತುಂಬಿ ಮತ್ತೆ ಬಿಡುಗಡೆ ಮಾಡಿದಾಗ ನೋಡಿದೆ. ಬಣ್ಣದ ಬಗ್ಗೆ ಅಭಿಪ್ರಾಯಭೇದ ಇರಬಹುದು. ಆ ಮೌನ ಮಾತ್ರ ಹಾಗೆಯೇ ಇತ್ತು.

ಇನ್ನು 'ಮಯೂರ'. 1975ರಲ್ಲಿ ತೆರೆಕಂಡ, ದೇವುಡು ಅವರ ಕಾದಂಬರಿಯನ್ನಾಧರಿಸಿದ ಈ ಚಿತ್ರದ ನಾಯಕ ನಮ್ಮ ಜಿಲ್ಲೆಯವನು. ಶಿಕಾರಿಪುರ ತಾಲ್ಲೂಕಿನ ತಾಳಗುಂದದ ಪ್ರಣವೇಶ್ವರ ದೇವಾಲಯದ ಎದುರು ಐದನೆಯ ಶತಮಾನದ ಕಂಬವೊಂದಿದೆ. ವೇದಾಧ್ಯಯನಕ್ಕೆಂದು ಗುರುವಿನೊಂದಿಗೆ ಕಂಚಿಗೆ ಹೋದ ಮಯೂರಶರ್ಮ, ಅಲ್ಲಿ ಪಲ್ಲವರ ಅಶ್ವಾರೋಹಿಯೊಡನೆ ಜಗಳವಾಗಿ ಅವಮಾನಿತನಾದದ್ದು, ದರ್ಭೆ ಹಿಡಿಯುವ ಕೈಯಲ್ಲಿ ಖಡ್ಗ ಹಿಡಿದದ್ದು, ಕದಂಬ ರಾಜ್ಯ ಕಟ್ಟಿದ್ದು ಎಲ್ಲವನ್ನೂ ಆ ಕಂಬ ಹೇಳುತ್ತದೆ. ಹೇಳುವುದು ಸಂಸ್ಕೃತದಲ್ಲಿ. ನನ್ನಂತಹ ಸಾವಿರಾರು ಮಂದಿಗೆ ಮಯೂರ ಕನ್ನಡದಲ್ಲಿ ಮಾತಾಡಿದ್ದು ಸಿನಿಮಾದಲ್ಲಿ. ಆ ಮಾತು ಹಳಗನ್ನಡವಲ್ಲ, ಬೀದಿಯ ಕನ್ನಡವೂ ಅಲ್ಲ. ರಾಜನೊಬ್ಬನ ಬಾಯಲ್ಲಿ ಬಂದರೆ ಒಪ್ಪುವಷ್ಟು ಎತ್ತರ, ಕ್ವಾರ್ಟರ್ಸಿನ ಹುಡುಗನಿಗೆ ಅರ್ಥವಾಗುವಷ್ಟು ಹತ್ತಿರ. ಗಣೇಶನ ಹಬ್ಬದ ಪೆಂಡಾಲುಗಳಲ್ಲಿ ನಮ್ಮ ಓರಗೆಯ ಹುಡುಗರು ಟವೆಲನ್ನು ಹೆಗಲಿಗೆ ಉತ್ತರೀಯದಂತೆ ಹೊದ್ದು ಆ ಮಾತುಗಳನ್ನು ಒಪ್ಪಿಸುತ್ತಿದ್ದರು. ಮನೆಯಲ್ಲಿ ಉರ್ದು ಮಾತಾಡುತ್ತಿದ್ದ ನನ್ನ ಗೆಳೆಯನೊಬ್ಬ ಅವರಲ್ಲಿ ಎಲ್ಲರಿಗಿಂತ ಚೆನ್ನಾಗಿ ಒಪ್ಪಿಸುತ್ತಿದ್ದ.

ತಾಳಗುಂದದ ಕಂಬದ ಬಗ್ಗೆ ಇನ್ನೂ ಒಂದು ಸಂಗತಿಯಿದೆ. ಆ ಶಾಸನದ ಕವಿ ಕುಬ್ಜ. ತನ್ನ ಕಾವ್ಯವನ್ನು ಕಲ್ಲಿನ ಮೇಲೆ ತಾನೇ ಬರೆದನೆಂದು ಶಾಸನ ಹೇಳುತ್ತದೆ. ಹದಿನೈದು ಶತಮಾನಗಳ ಹಿಂದಿನ ಬರಹಗಾರನ ಹೆಸರು ಇಂದೂ ಬಿಸಿಲು ಮಳೆಗೆ ಒಡ್ಡಿಕೊಂಡು ಅಲ್ಲಿ ನಿಂತಿದೆ. ಅದೇ ಮಯೂರನಿಗೆ ಕನ್ನಡದ ಬಾಯಿ ಕೊಟ್ಟವರ ಹೆಸರು ಚಿತ್ರದ ಆರಂಭದಲ್ಲಿ ಕೆಲವು ಕ್ಷಣ ಮಿನುಗಿ ಮರೆಯಾಗುತ್ತದೆ. ಅಷ್ಟರಲ್ಲಿ ಜನ ಇನ್ನೂ ತಮ್ಮ ಕುರ್ಚಿ ಹುಡುಕುತ್ತಿರುತ್ತಾರೆ.

ನಮ್ಮ ಜಿಲ್ಲೆಯ ಓದುಗರಿಗೆ ಉದಯಶಂಕರ್ ಕಣ್ಣಿಗೆ ಬೀಳದಿದ್ದುದಕ್ಕೆ ಬೇರೆ ಕಾರಣವೂ ಇದೆ. ಎಪ್ಪತ್ತರ ದಶಕದ ಶಿವಮೊಗ್ಗ ನವ್ಯರ ಸೀಮೆ. ತೀರ್ಥಹಳ್ಳಿ ತಾಲ್ಲೂಕಿನ ಅನಂತಮೂರ್ತಿಯವರ ಕಾದಂಬರಿಯಿಂದ 1970ರಲ್ಲಿ 'ಸಂಸ್ಕಾರ' ಬಂತು. ಅದರ ಚಿತ್ರಕಥೆ ಗಿರೀಶ ಕಾರ್ನಾಡರದು. ಕೊನಗವಳ್ಳಿಯ ಲಂಕೇಶರು 1976ರಲ್ಲಿ 'ಪಲ್ಲವಿ' ಮಾಡಿದರು. ಕಾಲೇಜು ಮೆಟ್ಟಿಲು ಹತ್ತಿದ ನಮಗೆ ಆಗ ಹೊಸ ಅಲೆಯ ಚಿತ್ರ ನೋಡುವುದು ಒಂದು ದೀಕ್ಷೆ, ರಾಜ್‌ಕುಮಾರ್ ಚಿತ್ರ ನೋಡುವುದು ಒಂದು ಗುಟ್ಟು. ಭದ್ರಾವತಿಯಿಂದ ಶಿವಮೊಗ್ಗೆಗೆ ಬಸ್ಸಿನಲ್ಲಿ ಹೋಗಿ ಮ್ಯಾಟಿನಿ ನೋಡಿ, ಬಾಗಿಲಲ್ಲಿ ಮೇಷ್ಟರು ಕಂಡರೆ ಬೇರೆ ದಾರಿ ಹಿಡಿಯುತ್ತಿದ್ದೆವು. ಒಮ್ಮೆ ಹಾಗೆ ಬೇರೆ ದಾರಿ ಹಿಡಿದಾಗ, ನಮ್ಮನ್ನು ಕಂಡು ಅದೇ ದಾರಿ ಹಿಡಿದಿದ್ದ ಇನ್ನೊಬ್ಬ ಮೇಷ್ಟರು ಎದುರಾದರು. ಅವರ ಕೈಯಲ್ಲೂ ಹಾಡಿನ ಪುಸ್ತಕವಿತ್ತು.

ಸಾಗರ ತಾಲ್ಲೂಕಿನ ಹೆಗ್ಗೋಡಿನಲ್ಲಿ ಕೆ.ವಿ. ಸುಬ್ಬಣ್ಣನವರು 1973ರಲ್ಲಿ ನೀನಾಸಮ್ ಚಿತ್ರಸಮಾಜ ಆರಂಭಿಸಿ, ಅಡಿಕೆ ತೋಟದ ಜನಕ್ಕೆ ಜಗತ್ತಿನ ಶ್ರೇಷ್ಠ ಚಿತ್ರಗಳನ್ನು ತೋರಿಸಿದರು. ಅಲ್ಲಿನ ಶಿಬಿರವೊಂದರಲ್ಲಿ ನಾನು ಕುರೊಸಾವಾನ 'ರಾಶೊಮಾನ್' ನೋಡಿದೆ. 1951ರಲ್ಲಿ ವೆನಿಸ್ ಚಿತ್ರೋತ್ಸವದ ಅತ್ಯುನ್ನತ ಪ್ರಶಸ್ತಿ ಗೆದ್ದ ಚಿತ್ರ ಅದು. ಎಲ್ಲರೂ ಕುರೊಸಾವಾನ ಬಗ್ಗೆ ಚರ್ಚಿಸಿದೆವು. ಅದನ್ನು ಕುರೊಸಾವಾನ ಜೊತೆಗೂಡಿ ಬರೆದವನು ಶಿನೊಬು ಹಶಿಮೊತೊ ಎಂಬುದು ನನಗೆ ತಿಳಿದದ್ದು ಎಷ್ಟೋ ವರ್ಷಗಳ ನಂತರ. ಸೈನ್ಯದಲ್ಲಿ ಕ್ಷಯ ತಗುಲಿ ಆರೋಗ್ಯಧಾಮ ಸೇರಿದ್ದ ಈ ತರುಣ, ಪಕ್ಕದ ಹಾಸಿಗೆಯ ರೋಗಿ ಕೊಟ್ಟ ಪತ್ರಿಕೆಯಲ್ಲಿ ಒಂದು ಚಿತ್ರಕಥೆ ಓದಿ, ಇಷ್ಟನ್ನು ತಾನೂ ಬರೆಯಬಲ್ಲೆನೆಂದುಕೊಂಡನಂತೆ. ಅವನ ಮೊದಲ ಚಿತ್ರವೇ 'ರಾಶೊಮಾನ್'. ಆಮೇಲೆ 'ಇಕಿರು', 'ಸೆವೆನ್ ಸಮುರಾಯ್', 'ಹರಾಕಿರಿ'. ಸಮುರಾಯ್ ಚಿತ್ರಗಳೆಂದರೆ ಜಪಾನಿನಲ್ಲಿ ನಮ್ಮ ಐತಿಹಾಸಿಕ, ಸಾಹಸ ಚಿತ್ರಗಳಿದ್ದಂತೆ, ಜನ ಕಾಸು ಕೊಟ್ಟು ನೋಡುವ ಚಿತ್ರಗಳು. 'ಸೆವೆನ್ ಸಮುರಾಯ್' ಬರೆಯಲು ಕುರೊಸಾವಾ, ಹಶಿಮೊತೊ, ಹಿದೆಒ ಒಗುನಿ ಮೂವರೂ ಅತಾಮಿ ಎಂಬ ಊರಿನ ವಸತಿಗೃಹದಲ್ಲಿ ವಾರಗಟ್ಟಲೆ ಬಾಗಿಲು ಹಾಕಿಕೊಂಡು ಕೂತಿದ್ದರು. ಹಶಿಮೊತೊ 2018ರಲ್ಲಿ, ನೂರು ವರ್ಷ ತುಂಬಿದ ಮೇಲೆ ತೀರಿಕೊಂಡ. ಈ ಜಂಟಿ ಬರವಣಿಗೆಯ ವೃತ್ತಾಂತವನ್ನು 2006ರಲ್ಲಿ ಪುಸ್ತಕವಾಗಿ ಬರೆದಿಟ್ಟೇ ಹೋದ.

ನಮ್ಮಲ್ಲೂ ಚಿತ್ರಕಥೆ ಹುಟ್ಟುತ್ತಿದ್ದುದು ಹೀಗೆ ಕೂತು ಮಾತಾಡಿಯೇ. ರಾಜ್‌ಕುಮಾರ್ ಚಿತ್ರಗಳ ಕಥೆಯ ಆಯ್ಕೆಯಲ್ಲಿ ಅವರ ತಮ್ಮ ವರದಪ್ಪನವರ ಮಾತಿಗೆ ತೂಕವಿತ್ತು. ಅವರು, ನಿರ್ದೇಶಕರು, ಉದಯಶಂಕರ್ ಕೂತು ದೃಶ್ಯ ದೃಶ್ಯವನ್ನೂ ಮಥಿಸುತ್ತಿದ್ದರು. ಮಥಿಸಿದವರು ಹಲವರು, ಕಾಗದದ ಮೇಲೆ ಇಳಿಸಿದವರು ಒಬ್ಬರು. ಆ ಕೋಣೆಯ ಕಥೆಯನ್ನು ಅವರು ಹಶಿಮೊತೊನಂತೆ ಬರೆದಿಡಬಹುದಿತ್ತು. ಅಷ್ಟು ಆಯುಷ್ಯ ಅವರಿಗೆ ದೊರೆಯಲಿಲ್ಲ. ತೀರಿಕೊಂಡಾಗ ಅವರಿಗೆ ಅರವತ್ತೂ ತುಂಬಿರಲಿಲ್ಲ.

ಬರಹಗಾರ ತನ್ನ ಹೆಸರಿಗಾಗಿ ಜಗಳವಾಡಬೇಕೇ? ಹಿಂದಿಯ ಸಲೀಂ-ಜಾವೇದ್ ಜೋಡಿ ಆಡಿತು. 1973ರಲ್ಲಿ 'ಜಂಜೀರ್' ಬಿಡುಗಡೆಯಾದಾಗ, ಮುಂಬೈಯ ಗೋಡೆಗಳ ಮೇಲಿನ ಪೋಸ್ಟರುಗಳಲ್ಲಿ ತಮ್ಮ ಹೆಸರಿಲ್ಲವೆಂದು ಆಳು ಹಿಡಿದು ಅವುಗಳ ಮೇಲೆ ಹೆಸರು ಬರೆಸಿದ ಅವರ ಕಥೆ ಪ್ರಸಿದ್ಧ. ಇದೇ ಸಲೀಂ-ಜಾವೇದರ ಕಥೆಯಿಂದ 1976ರಲ್ಲಿ ಕನ್ನಡದಲ್ಲಿ 'ಪ್ರೇಮದ ಕಾಣಿಕೆ' ಬಂತು. ಕೊಲೆ, ಸಾಕ್ಷಿ, ಎಸ್ಟೇಟಿನ ಒಂಟಿ ಬಂಗಲೆಗಳ ಈ ರಹಸ್ಯ ಚಿತ್ರಕ್ಕೆ ಕನ್ನಡದ ಮಾತು ಕೊಟ್ಟವರು ಉದಯಶಂಕರ್. ಒಂದೇ ಚಿತ್ರದಲ್ಲಿ ಎರಡು ಬಗೆಯ ಬರಹಗಾರರು. ಒಬ್ಬರು ಗೋಡೆಯ ಮೇಲೆ ಹೆಸರು ಬರೆಸಿದವರು, ಇನ್ನೊಬ್ಬರು ರೇಡಿಯೊ ಹೇಳಿದಷ್ಟಕ್ಕೆ ತೃಪ್ತರಾದವರು. ಯಾರು ಸರಿ ಎಂದು ತರುಣನಾಗಿದ್ದಾಗ ಕೇಳಿದ್ದರೆ, ವಿನಯವೇ ದೊಡ್ಡದು ಎನ್ನುತ್ತಿದ್ದೆ. ಈಗ ಹಾಗನ್ನಲಾರೆ. ಚಿತ್ರಗೀತೆಗಳ ಗೌರವಧನದಲ್ಲಿ ಸಾಹಿತಿ ಮತ್ತು ಸಂಗೀತಕಾರರ ಪಾಲನ್ನು ಯಾರೂ ಕಿತ್ತುಕೊಳ್ಳದಂತೆ 2012ರಲ್ಲಿ ಕೃತಿಸ್ವಾಮ್ಯ ಕಾಯ್ದೆಗೆ ತಿದ್ದುಪಡಿ ಬಂದಾಗ, ಅದರ ಹಿಂದೆ ಇದ್ದುದು ಅದೇ ಜಾವೇದ್ ಅಖ್ತರರ ಜಗಳಗಂಟತನ. ಉದಯಶಂಕರ್ ತೀರಿಕೊಂಡು ಆಗ ಹತ್ತೊಂಬತ್ತು ವರ್ಷವಾಗಿತ್ತು. 1992ರ 'ಜೀವನ ಚೈತ್ರ' ಚಿತ್ರದ ಅವರ ಹಾಡಿಗಾಗಿ ರಾಜ್‌ಕುಮಾರ್ ರಾಷ್ಟ್ರಪ್ರಶಸ್ತಿ ಪಡೆದದ್ದನ್ನು ಎಲ್ಲರ ಬಾಯಲ್ಲೂ ಕೇಳಿದ್ದೇನೆ. ಆ ಹಾಡು ಬರೆದವರು ಯಾರೆಂಬುದನ್ನು ಜೊತೆಗೆ ಹೇಳಿದವರು ಕಡಿಮೆ.

ಅವರ ಬರವಣಿಗೆಯಲ್ಲಿ ದೋಷಗಳಿರಲಿಲ್ಲವೆಂದು ನಾನು ಹೇಳುತ್ತಿಲ್ಲ. ಅಷ್ಟು ಬರೆದವರಲ್ಲಿ ಪುನರುಕ್ತಿ ಸಹಜ. ಎಂಬತ್ತರ ದಶಕದ ಕೆಲವು ಚಿತ್ರಗಳಲ್ಲಿ ನಾಯಕ ಮಾತಾಡುವುದು ಎದುರಿನ ಪಾತ್ರದೊಡನೆಯಲ್ಲ, ನೇರವಾಗಿ ಗಾಂಧಿ ಕ್ಲಾಸಿನೊಡನೆ. ಇನ್ನೂ ಗಂಭೀರವಾದ ತಕರಾರು ಹೆಣ್ಣುಪಾತ್ರಗಳದು. 'ಸಂಪತ್ತಿಗೆ ಸವಾಲ್'ನ ದುರ್ಗಿ ಮಾತಿನಲ್ಲಿ ಭದ್ರನಿಗೆ ಸರಿಸಮ. ಆದರೆ ಕಥೆ ಅವಳನ್ನು ಪಳಗಿಸಿದ ಮೇಲೆ ಆ ಮಾತಿನ ಹರಿತವೂ ಹೋಗುತ್ತದೆ. ನನ್ನ ಮಗಳು ಇತ್ತೀಚೆಗೆ ಟಿ.ವಿ.ಯಲ್ಲಿ ಆ ಚಿತ್ರ ನೋಡಿ ಅರ್ಧಕ್ಕೇ ಎದ್ದುಹೋದಳು. ಅವಳೊಡನೆ ವಾದಿಸಲು ನನ್ನ ಬಳಿ ಏನೂ ಇರಲಿಲ್ಲ. ಕಥೆ ನಾಟಕದ್ದು, ಕಾಲ ಅಂಥದ್ದು ಎಂಬ ಸಮಜಾಯಿಷಿ ನನಗೇ ರುಚಿಸಲಿಲ್ಲ.

ಆದರೆ ದೋಷವನ್ನಾದರೂ ಸರಿಯಾಗಿ ಚರ್ಚಿಸಬೇಕಾದರೆ ಪಠ್ಯ ಮುಂದಿರಬೇಕಲ್ಲ. ತೊಂದರೆ ಇರುವುದು ಅಲ್ಲಿ. ಜನಪ್ರಿಯ ಸಿನಿಮಾದ ಕನ್ನಡದ ಮೇಲೆ ಪ್ರಬಂಧ ಬರೆಯಲು ಹೊರಟ ವಿದ್ಯಾರ್ಥಿನಿಯೊಬ್ಬಳಿಗಾಗಿ ನಾನು ಗ್ರಂಥಾಲಯಗಳ ಕಪಾಟುಗಳನ್ನು ತಡಕಿದೆ. ಸಿಕ್ಕಿದ್ದು ಹಾಡಿನ ಪುಸ್ತಕಗಳ ಒಂದು ಕಟ್ಟು. ಟಾಕೀಸಿನ ಬಾಗಿಲಲ್ಲಿ ಚಿಲ್ಲರೆ ಕಾಸಿಗೆ ಮಾರುತ್ತಿದ್ದ ಈ ಪುಸ್ತಕಗಳ ಕಾಗದ ನಮ್ಮೂರಿನ ಕಾರ್ಖಾನೆಯದೇ ಎಂದು ನಾವು ಹುಡುಗರು ಎಲ್ಲರಿಗೂ ಹೇಳುತ್ತಿದ್ದೆವು. ಆ ಕಾರ್ಖಾನೆಯಲ್ಲಿ 2015ರಲ್ಲಿ ಉತ್ಪಾದನೆ ನಿಂತಿತು. ಪುಸ್ತಕದ ಕಾಗದ ಇನ್ನೂ ಮುರಿಯದೆ ಉಳಿದಿದೆ. ಆದರೆ ಅದರಲ್ಲಿರುವುದು ಹಾಡು, ಪಾತ್ರವರ್ಗ, ಮತ್ತು ಮುಂದಿನದನ್ನು ಬೆಳ್ಳಿತೆರೆಯ ಮೇಲೆ ನೋಡಿ ಎಂದು ಮುಗಿಯುವ ಅರ್ಧ ಕಥೆ. ಸಂಭಾಷಣೆ ಒಂದು ಸಾಲೂ ಇಲ್ಲ. ಹಳೆಯ ನಾಟಕಗಳು ಅಚ್ಚಾಗಿವೆ, ಹೊಸ ಅಲೆಯ ಕೆಲವು ಚಿತ್ರಕಥೆಗಳೂ ಅಚ್ಚಾಗಿವೆ. ಊರೆಲ್ಲ ಬಾಯಿಪಾಠ ಮಾಡಿದ ಮಾತುಗಳು ಮಾತ್ರ ಆ ಕಪಾಟಿನಲ್ಲಿರಲಿಲ್ಲ.

ಹಸ್ತಪ್ರತಿಗೆ ಏನಾಗುತ್ತದೆಂಬುದು ಚಿತ್ರರಂಗದವರಿಗೆ ಗೊತ್ತು. ಸೆಟ್ಟಿನಲ್ಲಿ ಸಹಾಯಕ ನಿರ್ದೇಶಕನ ಕೈಯಲ್ಲಿ ಮುದುಡುತ್ತದೆ, ಡಬ್ಬಿಂಗ್ ಮುಗಿದ ಮೇಲೆ ಯಾರಿಗೂ ಬೇಡವಾಗುತ್ತದೆ. ಸೆನ್ಸಾರ್ ಪ್ರಮಾಣಪತ್ರಕ್ಕೆ ಅರ್ಜಿ ಹಾಕುವಾಗ ಸಂಭಾಷಣೆ ಮತ್ತು ಹಾಡುಗಳ ಪೂರ್ಣ ಪಠ್ಯವನ್ನು ಸಲ್ಲಿಸಬೇಕೆಂಬ ನಿಯಮವಿದೆ. ಹಾಗಾಗಿ ಕತ್ತರಿ ಹಾಕುವವರಿಗೆಂದು ಕೊಟ್ಟ ಪ್ರತಿಯೇ ಒಬ್ಬ ಬರಹಗಾರನ ಕೃತಿಯ ಕಟ್ಟಕಡೆಯ ಅಚ್ಚುಕಟ್ಟಾದ ಪ್ರತಿಯಾಗಿಬಿಡುತ್ತದೆ. ಸೋಜಿಗವಲ್ಲವೇ? ಚಿತ್ರಗಳ ಧ್ವನಿ ಇರುವವರೆಗೆ ಇದಕ್ಕೆ ಪರಿಹಾರವುಂಟು. ಕೇಳಿ ಬರೆದುಕೊಳ್ಳಬಹುದು. ಕನ್ನಡ ಎಂ.ಎ. ತರಗತಿಯೊಂದು ವರ್ಷಕ್ಕೆ ಐದು ಚಿತ್ರಗಳ ಸಂಭಾಷಣೆ ಬರೆದಿಟ್ಟರೂ ಹತ್ತು ವರ್ಷದಲ್ಲಿ ಒಂದು ಕಪಾಟು ತುಂಬುತ್ತದೆ. ಇದಕ್ಕೆ ಅಕಾಡೆಮಿ, ಅನುದಾನ ಯಾವುದೂ ಬೇಕಿಲ್ಲ. ಹಕ್ಕುದಾರರ ಒಪ್ಪಿಗೆ, ಒಂದು ಕಂಪ್ಯೂಟರು, ಸ್ವಲ್ಪ ತಾಳ್ಮೆ ಇದ್ದರೆ ಸಾಕು. ಆ ವಿದ್ಯಾರ್ಥಿನಿ ಈಗ ಎರಡನೆಯ ಚಿತ್ರದಲ್ಲಿದ್ದಾಳೆ.

ಮೊದಲ ಚಿತ್ರ 'ಕಸ್ತೂರಿ ನಿವಾಸ'. ಪ್ರತಿಯ ಗುಣಮಟ್ಟ ಚೆನ್ನಾಗಿರಲಿಲ್ಲ. ಅಶ್ವಥ್ ಅವರ ಕೆಲವು ಮಾತುಗಳು ವಾದ್ಯಗಳ ಸದ್ದಿನಡಿ ಮುಚ್ಚಿಹೋಗಿದ್ದವು. ಏನು ಮಾಡುವುದೆಂದು ಯೋಚಿಸುತ್ತಿದ್ದಾಗ ನನಗೆ ಹಳೆಯ ನೆರೆಮನೆಯವರ ನೆನಪಾಯಿತು. ಫೌಂಡ್ರಿಯ ಆ ಹಿರಿಯರು ಈಗಿಲ್ಲ, ಅವರ ಮಗನಿದ್ದಾರೆ. ಅವರೂ ಅದೇ ಕಾರ್ಖಾನೆಯಿಂದ ನಿವೃತ್ತರಾದವರು. ದೊಡ್ಡಣ್ಣನಂಥ ನಟರು ಸಿನಿಮಾಕ್ಕೆ ಹೋಗುವ ಮುನ್ನ ನೌಕರಿ ಮಾಡುತ್ತಿದ್ದ ಕಾರ್ಖಾನೆ ಅದು. ಅಲ್ಲಿನ ನೌಕರರ ನಾಟಕಗಳಲ್ಲಿ ಇವರೂ ಬಣ್ಣ ಹಚ್ಚಿದವರೇ. ನಾನೂ ವಿದ್ಯಾರ್ಥಿನಿಯೂ ಒಂದು ಭಾನುವಾರ ಭದ್ರಾವತಿಗೆ ಹೋದೆವು. ಕಾಫಿ ಕೊಟ್ಟು, ವಿಷಯ ಕೇಳಿ, ಅವರು ಕಣ್ಣು ಮುಚ್ಚಿಕೊಂಡು ಕೂತರು. ಆಮೇಲೆ ರಾಮಯ್ಯನ ಮಾತು, ರವಿವರ್ಮನ ಮಾತು, ನೀಲಳ ಮಾತು, ಒಂದಾದ ಮೇಲೊಂದು, ದನಿ ಬದಲಿಸಿ ಒಪ್ಪಿಸತೊಡಗಿದರು. ಅವಳು ಬರೆದುಕೊಂಡಳು. ಮುಗಿದ ಮೇಲೆ ನಾನು ಅದನ್ನು ಗಟ್ಟಿಯಾಗಿ ಓದಿ ತೋರಿಸಿದೆ. ಒಂದು ಕಡೆ ಅವರು ಕೈ ಎತ್ತಿ ತಡೆದರು.

"ಅಲ್ಲ ಮೇಷ್ಟ್ರೇ, ಅಲ್ಲಿ 'ಆದರೆ' ಇಲ್ಲ. ನೀವು ಸೇರಿಸಿಬಿಟ್ರಿ. ಹೊಡೆದುಹಾಕಿ" ಅಂದರು.

ವಿದ್ಯಾರ್ಥಿನಿ ಅದನ್ನು ಹೊಡೆದುಹಾಕಿದಳು.